ಓರೆ ನಡೆಯುವ ಆನೆ

ಎಂಟನೆಯ ಸುತ್ತು ಮುಗಿದಾಗ ನಮ್ಮ ಪರದೆಯ ಮೇಲೆ ವಾರಿಜಾ ಅವರ ಹೆಸರಿನ ಮುಂದೆ ಐವತ್ತೈದು ಎಂಬ ಅಂಕಿ ಕೆಂಪಗೆ ಕೂತಿತ್ತು. ಎಪ್ಪತ್ತೈದಕ್ಕಿಂತ ಕೆಳಗೆ ಇಳಿದರೆ ಕೆಂಪು. ಹಿಂದಿನ ದಿನ ಐವತ್ತೆಂಟು ಬಂದಿತ್ತು. ಒಂದೇ ಪಂದ್ಯಾವಳಿಯಲ್ಲಿ ಮೂರು ಸಲ ಕೆಂಪು ಬಂದರೆ ಆಟಗಾರರನ್ನು ಹೊರಗೆ ಹಾಕಬೇಕು, ಅವರು ಹಿಂದೆ ಗಳಿಸಿದ್ದನ್ನೂ ತಡೆಹಿಡಿಯಬೇಕು. ಇನ್ನು ಉಳಿದಿದ್ದು ಒಂದೇ ಸುತ್ತು.

"ಕಾಡಪ್ಪ, ಯಂತ್ರ ಸರಿ ಇದ್ಯೇನ್ರಿ?" ಎಂದು ಕೇಳಿದರು ಡಾ. ಪ್ರಫುಲ್ಲಾ ಅರಸ್. ಮೈಸೂರಿನ ಆ ಪಂದ್ಯಾವಳಿಯ ಯಂತ್ರಕೋಣೆಗೂ ತೀರ್ಪುಗಾರರ ಮಂಡಳಿಗೂ ಅವರೇ ಮುಖ್ಯಸ್ಥೆ.

"ಯಂತ್ರ ಗಟ್ಟಿ ಐತ್ರಿ ಮೇಡಂ. ಮೂರು ಸಲ ನೋಡೀನಿ."

"ಹಾಗಾದ್ರೆ ಈಯಮ್ಮ ಏನೋ ಇಟ್ಕೊಂಡಿದ್ದಾರೆ. ಕೋಳಿಕೋಡಲ್ಲಿ ತೊಂಬತ್ತನಾಲ್ಕು, ತಿರುವನಂತಪುರದಲ್ಲಿ ತೊಂಬತ್ತಾರು. ಇಲ್ಲಿ ಬಂದ ತಕ್ಷಣ ಐವತ್ತೈದು ಅಂದ್ರೆ ಹೇಗ್ರಿ?"

ನಾನು ತಲೆ ಆಡಿಸಿದೆ. ಅಂಕಿ ಕೆಂಪಗಿದ್ದಾಗ ತಲೆ ಆಡಿಸುವುದು ಬಹಳ ಸುಲಭ.

ಯಂತ್ರದ ವಿಷಯ ಎರಡು ಮಾತು ಹೇಳಿಬಿಡುತ್ತೇನೆ. ನಾವು ಮನಸ್ಸಿನಲ್ಲೇ ಮಾತಾಡಿಕೊಳ್ಳುವಾಗಲೂ ಮಿದುಳು ಗಂಟಲಿಗೆ ಸಣ್ಣ ಸಣ್ಣ ಅಪ್ಪಣೆ ಕಳಿಸುತ್ತಲೇ ಇರುತ್ತದೆ. ಸದ್ದು ಹೊರಡದಿದ್ದರೂ ಸ್ನಾಯು ಮಿಡಿಯುತ್ತದೆ. ಆ ಮಿಡಿತವನ್ನು ಓದುವುದೇ ಒಳದನಿ ಕೊರಳಪಟ್ಟಿ. ಎರಡು ಬೆರಳಗಲ, ಶಾಲೆಯ ಮಕ್ಕಳ ಟೈಗಿಂತ ಹಗುರ. ಕಿವಿಯೊಳಗೆ ಅಕ್ಕಿಕಾಳಿನಷ್ಟು ಯಂತ್ರ ಸೇರಿಸಿಕೊಂಡು, ಹೊರಗಿನ ಕಂಪ್ಯೂಟರು ಹೇಳಿಕೊಟ್ಟ ನಡೆಯನ್ನು ಆಡುವವರು ಹೆಚ್ಚಿ ಚದುರಂಗದ ಮಾನವೇ ಹೋಗುವಂತಾದಾಗ, ಒಂಬತ್ತು ವರ್ಷದ ಹಿಂದೆ ಇದನ್ನು ಕಡ್ಡಾಯ ಮಾಡಿದರು. ಕಟ್ಟುವುದು ಪಂದ್ಯಾವಳಿಯ ಕೊನೆಯ ಮೂರು ಸುತ್ತಿಗೆ ಮಾತ್ರ. ಸ್ವಂತವಾಗಿ ಯೋಚಿಸುವವರು ಒಂದು ಕಾಯಿ ಎತ್ತುವ ಮೊದಲು ಅದರ ಹೆಸರನ್ನು ಒಳಗೊಳಗೇ ಹತ್ತು ಸಲ ಹೇಳಿಕೊಂಡಿರುತ್ತಾರೆ. ಕದ್ದು ಆಡುವವರ ಗಂಟಲು ಕುದುರೆ ಕುದುರೆ ಎನ್ನುತ್ತಿರುವಾಗಲೇ ಕೈ ಮಂತ್ರಿಯನ್ನು ಎತ್ತಿರುತ್ತದೆ. ಗಂಟಲು ಮತ್ತು ಕೈ ನೂರಕ್ಕೆ ಎಷ್ಟು ಸಲ ಒಂದೇ ಮಾತು ಹೇಳಿದವು ಎಂಬುದೇ ಪರದೆಯ ಅಂಕಿ.

ಜನ ಇದಕ್ಕೂ ಹೊಂದಿಕೊಂಡರು. ಮಾತಿಲ್ಲದೆ ಬರೀ ಚಿತ್ರದಲ್ಲಿ ಯೋಚಿಸುತ್ತಿದ್ದ ಆಟಗಾರರು ಪಾಪ, ಮೂವತ್ತರ ಹರೆಯದಲ್ಲಿ ಕೂತು ಮಗ್ಗಿಯಂತೆ ಕಾಯಿಗಳ ಹೆಸರು ಉರುಹೊಡೆದರು. ನಮ್ಮ ಮನೆಯಲ್ಲಿ ಹೆಂಡತಿ ರತ್ನವ್ವನಿಗೆ ಇದರ ಉಪಯೋಗ ಬೇರೆಯೇ ಕಂಡಿತ್ತು. "ಅದನ್ನ ಒಂದಿನ ಕೊರಳಿಗೆ ಕಟ್ಕೊಂಡು ಉಣ್ಣಾಕ ಕುಂದರ್ರಿ. ಸಾರು ಛಲೋ ಆಗೇತಿ ಅಂತೀರಲ್ಲ, ಖರೇನೋ ಸುಳ್ಳೋ ನೋಡೂಣು" ಎಂದಿದ್ದಳು. ನಾನು ತರಲಿಲ್ಲ.

ನನ್ನ ಕೆಲಸ ಹೆಸರುಗಳ ಯಾದಿ. ಯಂತ್ರಕ್ಕೆ ತಾನಾಗಿ ಏನೂ ಗೊತ್ತಿರುವುದಿಲ್ಲ. ಯಾವ ಭಾಷೆಯಲ್ಲಿ ಯಾವ ಕಾಯಿಗೆ ಏನೆನ್ನುತ್ತಾರೆ ಎಂದು ಯಾರಾದರೂ ಬರೆದುಕೊಡಬೇಕು. ಕನ್ನಡದ ಯಾದಿ ಬರೆದವನು ನಾನೇ. ಗುಳೇದಗುಡ್ಡದಿಂದ ಹಿಡಿದು ದಾವಣಗೆರೆ, ತುಮಕೂರು, ಮೈಸೂರಿನವರೆಗೆ ನಲವತ್ತೆರಡು ಜನರನ್ನು ಕೂರಿಸಿಕೊಂಡು ಕೇಳಿದ್ದೆ. ಮಂತ್ರಿಗೆ ರಾಣಿ, ವಜೀರ ಎಂಬವರು ಸಿಕ್ಕರು. ಕಾಲಾಳಿಗೆ ಸಿಪಾಯಿ, ಪೇದೆ, ಪ್ಯಾದಿ. ಎಲ್ಲವನ್ನೂ ಬಿಡದೆ ಸೇರಿಸಿದೆ. ಮೂಲೆಯಲ್ಲಿ ನಿಂತು ನೇರ ನಡೆಯುವುದು ಆನೆ, ಓರೆ ನಡೆಯುವುದು ಒಂಟೆ. ಇದರಲ್ಲಿ ಮಾತ್ರ ನಲವತ್ತೆರಡು ಜನರೂ ಒಂದೇ ಬಾಯಿ. ಘಟ್ಟದ ಕೆಳಗೆ ಮಾತ್ರ ನಾನು ಹೋಗಲಿಲ್ಲ. ಬಸ್ಸಿನ ತಿರುವುಗಳಿಗೆ ನನಗೆ ಹೊಟ್ಟೆ ತೊಳಸುತ್ತದೆ.

ವಾರಿಜಾ ಅವರು ಘಟ್ಟದ ಕೆಳಗಿನವರು. ಕಾಸರಗೋಡು ಜಿಲ್ಲೆಯ ಉಪ್ಪಳದಲ್ಲಿ ಅಂಚೆ ಗುಮಾಸ್ತೆ, ವಯಸ್ಸು ನಲವತ್ತನಾಲ್ಕು. ಗ್ರಾಂಡ್‌ಮಾಸ್ಟರ್ ಬಿರುದು ಸಿಗಬೇಕಾದರೆ ಮೂರು ದೊಡ್ಡ ಪಂದ್ಯಾವಳಿಗಳಲ್ಲಿ ಆ ಮಟ್ಟದ ಆಟ ಆಡಿ ತೋರಿಸಬೇಕು. ಅದಕ್ಕೆ ನಾರ್ಮ್ ಎನ್ನುತ್ತಾರೆ. ಹುಡುಗ ಹುಡುಗಿಯರು ಹದಿನಾಲ್ಕಕ್ಕೆ ಮುಗಿಸುವ ಕೆಲಸವನ್ನು ಇವರು ರಜೆ ಸಿಕ್ಕಾಗ ರೈಲು ಹತ್ತಿ, ಮೂವತ್ತಾರಕ್ಕೆ ಒಂದು, ನಲವತ್ತೊಂದಕ್ಕೆ ಒಂದು ಎಂದು ಮಾಡಿಕೊಂಡು ಬಂದಿದ್ದರು. ಮೂರನೆಯದಕ್ಕೆ ಬೇಕಾಗಿದ್ದುದು ಅರ್ಧ ಅಂಕ. ಕೊನೆಯ ಸುತ್ತಿನಲ್ಲಿ ಒಂದು ಡ್ರಾ ಸಾಕು.

ಎರಡನೆಯ ಕೆಂಪು ಬಂದವರನ್ನು ಯಾದಿ ಬರೆದವನೂ ಮುಖ್ಯಸ್ಥರೂ ಕೂಡಿ ಒಮ್ಮೆ ಮುಖತಃ ಕಾಣಬೇಕು ಎಂಬ ನಿಯಮವಿದೆ. ಅಂದು ಸಂಜೆ ಆರಕ್ಕೆ ಯಾದವಗಿರಿಯಲ್ಲಿ ಅವರು ಇಳಿದುಕೊಂಡಿದ್ದ ಎರಡು ಕೋಣೆಯ ಮನೆಗೆ ಹೋದೆವು. ಬಾಗಿಲು ತೆಗೆದವರು ಅವರ ತಾಯಿ ಕಲ್ಯಾಣಿಯಮ್ಮ. ಎಂಬತ್ತರ ಹತ್ತಿರ, ನಲವತ್ತು ವರ್ಷ ಬೀಡಿ ಕಟ್ಟಿದ ಬೆರಳು, ಕಣ್ಣು ಮಾತ್ರ ಹದಿನೆಂಟರದು.

"ಎಂತ, ಇಬ್ಬರೇ ಬಂದದ್ದಾ? ಪೊಲೀಸ್ ಜೀಪು ಕೆಳಗೆ ನಿಲ್ಲಿಸಿದ್ದೀರಾ?"

"ಅಮ್ಮ, ನೀವು ಸ್ವಲ್ಪ ಸುಮ್ಮನೆ ಕೂತ್ಕೊಳ್ಳಿ" ಎಂದರು ವಾರಿಜಾ.

"ಕೂತೇ ಇದ್ದೇನಲ್ಲ. ಚಾ ಕುಡಿಯಿರಿ ಮಾರಾಯ್ರೇ, ವಿಷ ಎಲ್ಲ ಹಾಕ್ಲಿಲ್ಲ."

ಪ್ರಫುಲ್ಲಾ ಮೇಡಂ ಲೋಟ ಮುಟ್ಟದೆ ನೇರ ವಿಷಯಕ್ಕೆ ಬಂದರು. ಹೊರಗಿನಿಂದ ನಡೆ ಬರುತ್ತಿದೆಯೇ? ಯಾರಾದರೂ ಸಹಾಯ ಮಾಡುತ್ತಿದ್ದಾರೆಯೇ?

ವಾರಿಜಾ ಅವರು ಸೆರಗಿನ ತುದಿಯನ್ನು ಒಂದು ಸಲ ಮಡಚಿ ಬಿಡಿಸಿದರು. "ಮೇಡಂ, ಇಪ್ಪತ್ತೆರಡು ವರ್ಷದಿಂದ ಬೇರೆಯವರ ಕಾಗದ ಮುಟ್ಟುವ ಕೆಲಸ ನನ್ನದು. ಒಂದನ್ನೂ ಒಡೆದು ನೋಡಿದವಳಲ್ಲ. ಬೇರೆಯವರ ನಡೆ ನನಗೆ ಎಂತಕ್ಕೆ?"

ಕೋಣೆ ಬಿಗಿಯಾಯಿತು. ಅದನ್ನು ಸಡಿಲಿಸೋಣ ಎಂದು ನಾನು ಮೂಲೆಯಲ್ಲಿ ಕೂತ ಅಜ್ಜಿಯ ಕಡೆ ತಿರುಗಿದೆ. ಅವರ ಮುಂದೆ ಸ್ಟೂಲಿನ ಮೇಲೆ ಒಂದು ಹಳೆಯ ಚದುರಂಗದ ಹಲಗೆ ಇತ್ತು. ಹಾಲೆಮರದಲ್ಲಿ ಕೆತ್ತಿದ ಕಾಯಿಗಳು, ಹಿಡಿದು ಹಿಡಿದು ನುಣುಪಾಗಿದ್ದವು. ಕಟ್ಟಿದ ಬೀಡಿ ಒಪ್ಪಿಸುವ ಬ್ರಾಂಚಿನಲ್ಲಿ ಅವನ್ನು ಎಣಿಸುತ್ತಿದ್ದ ಕುಂಞಂಬಣ್ಣ ಎಂಬವರು ಕೆತ್ತಿದ್ದಂತೆ. ಅವರಿಂದ ಕಲ್ಯಾಣಿಯಮ್ಮ ಕಲಿತರು, ಕಲ್ಯಾಣಿಯಮ್ಮನಿಂದ ಮಗಳು.

"ಒಂದು ಆಟ ಆಡೂಣೇನ್ರಿ ಅಜ್ಜಿ?"

"ಆಡುವ. ಸೋತರೆ ಅಳಲಿಕ್ಕಿಲ್ಲ."

ಕಾಯಿ ಜೋಡಿಸತೊಡಗಿದರು. ಸೊಂಡಿಲು ಮುರಿದ ಒಂದು ಆನೆಯನ್ನು ತೆಗೆದು ರಾಜನ ಪಕ್ಕದಲ್ಲೇ ಇಟ್ಟರು. ಪಾಪ, ವಯಸ್ಸಾಗಿದೆ, ಮರೆವು ಎಂದುಕೊಂಡೆ.

"ಅಜ್ಜಿ, ಆನಿ ಮೂಲ್ಯಾಗ ಇಡಬೇಕ್ರಿ."

"ಮೂಲೆಯಲ್ಲಿ ತೇರಲ್ವಾ ಇರುವುದು? ಆನೆಯನ್ನು ಯಾರಾದ್ರೂ ಮೂಲೆಯಲ್ಲಿ ನಿಲ್ಲಿಸ್ತಾರಾ?"

ನಾನು ಚಹಾ ಲೋಟ ಕೆಳಗಿಟ್ಟೆ. "ಹಂಗಾದ್ರ ಆನಿ ಹೆಂಗ ನಡೀತೈತ್ರಿ?"

"ಓರೆ. ಮತ್ತೆ ಹೇಗೆ ನಡೀಬೇಕು? ತೇರು ನೇರ, ಆನೆ ಓರೆ."

"ಮತ್ತ ಒಂಟಿ?"

"ಒಂಟೆಯಾ?" ಅಜ್ಜಿ ಮಗಳ ಮುಖ ನೋಡಿದರು, ಮೇಡಂ ಮುಖ ನೋಡಿದರು, ಕೊನೆಗೆ ನನ್ನನ್ನು ಬಹಳ ಕನಿಕರದಿಂದ ನೋಡಿದರು. "ಉಪ್ಪಳದಲ್ಲಿ ಒಂಟೆಯಾ? ನೀವು ಒಮ್ಮೆ ಬನ್ನಿ. ಎಲ್ಲಿಯಾದ್ರೂ ಒಂಟೆ ಕಂಡರೆ ನನಗೂ ತೋರಿಸಿ, ನಾನು ಸಾಯುವ ಮೊದಲು ಒಂದು ನೋಡ್ತೇನೆ."

ನಾನು ಎದ್ದು ನಿಂತೆ. ವಾರಿಜಾ ಅವರಿಗೆ ಒಂದೇ ಪ್ರಶ್ನೆ ಕೇಳಿದೆ. ಅರ್ಜಿಯಲ್ಲಿ ಯೋಚನೆಯ ಭಾಷೆ ಎಂಬಲ್ಲಿ ಏನು ಬರೆಯುತ್ತೀರಿ?

"ಕೋಳಿಕೋಡಲ್ಲಿ, ತಿರುವನಂತಪುರದಲ್ಲಿ ಅವರೇ ಮಲಯಾಳ ಅಂತ ಹಾಕಿ ಕೊಟ್ಟಿದ್ರು. ನಾನು ಸುಮ್ಮನೆ ಸಹಿ ಹಾಕಿದ್ದು. ನಮಗೆ ಮನೆಯಲ್ಲಿ ತುಳು, ಬಸ್ಸಲ್ಲಿ ಮಲಯಾಳ. ಆದ್ರೆ ಆಟ ಕಲಿತದ್ದು ನಾನು ಕನ್ನಡ ಶಾಲೆಗೆ ಹೋಗುವಾಗ. ಅದು ಒಳಗೆ ಕನ್ನಡದಲ್ಲೇ ಬರುವುದು. ಮೈಸೂರಿನ ಅರ್ಜಿಯಲ್ಲಿ ಕನ್ನಡ ಅಂತ ಇತ್ತು. ನೋಡಿ ಖುಷಿಯಾಯ್ತು. ಗುರುತು ಹಾಕಿದೆ."

ಗಂಟೆಲ್ಲ ಅಲ್ಲಿಗೆ ಬಿಚ್ಚಿತು. ಮಲಯಾಳದಲ್ಲೂ ಓರೆ ನಡೆಯುವುದು ಆನೆಯೇ, ನೇರ ನಡೆಯುವುದು ತೇರೇ. ಉಳಿದ ಕಾಯಿಗಳ ಹೆಸರೂ ಎರಡು ಭಾಷೆಯಲ್ಲಿ ಹೆಚ್ಚುಕಡಿಮೆ ಒಂದೇ. ಕಾಸರಗೋಡಿನ ಕನ್ನಡದವರೂ ಅದನ್ನೇ ತಮ್ಮದು ಮಾಡಿಕೊಂಡಿದ್ದರು. ಮಲಯಾಳದ ಯಾದಿಗೆ ಇವರ ಮನಸ್ಸಿನ ಮಾತು ಸರಿಯಾಗಿ ಕೇಳಿಸಿತ್ತು. ನನ್ನ ಕನ್ನಡದ ಯಾದಿಗೆ ಕೇಳಿಸಲಿಲ್ಲ. ಇವರು ಒಳಗೆ 'ಆನೆ' ಎಂದಾಗ ನನ್ನ ಯಂತ್ರ ಮೂಲೆಯ ಕಾಯಿಗೆ ಕಾಯುತ್ತಿತ್ತು, ಇವರ ಕೈ ಓರೆ ಕಾಯಿಯನ್ನು ಎತ್ತುತ್ತಿತ್ತು. 'ತೇರು' ಎಂದಾಗ ಯಂತ್ರ ಅದನ್ನು ಕೆಮ್ಮು ಎಂದು ಬಿಟ್ಟುಬಿಡುತ್ತಿತ್ತು. ಕೆಂಪು ಬಂದ ನಡೆಗಳಲ್ಲಿ ಬಹುಪಾಲು ಆ ಎರಡು ಕಾಯಿಗಳವೇ. ನಾನು ಒಂದು ಸಲ ಗಮನವಿಟ್ಟು ನೋಡಿದ್ದರೆ ಕಾಣುತ್ತಿತ್ತು.

"ಮೇಡಂ, ತಪ್ಪು ನಂದರೀ" ಎಂದೆ. "ಯಾದಿ ತಿದ್ದಿ ಎರಡೂ ಆಟ ಮತ್ತ ಓಡಿಸೂಣು."

ಪ್ರಫುಲ್ಲಾ ಮೇಡಂ ಕೆಟ್ಟವರಲ್ಲ, ಗಟ್ಟಿಯವರು. "ಬೀಗ ಮುಂದಿಟ್ಕೊಂಡು ಕೀ ಮಾಡಿದ್ರೆ ಯಾವ ಬೀಗನಾದ್ರೂ ತೆಗಿಯುತ್ತೆ ಕಾಡಪ್ಪ. ಕಳ್ಳರೂ ನಾಳೆ ಬಂದು ನಮ್ಮೂರಲ್ಲಿ ಕುದುರೆಗೆ ಕತ್ತೆ ಅಂತೀವಿ ಅಂತಾರೆ."

"ಹಂಗಾದ್ರ ನಾಳಿನ ಸುತ್ತಿಗೆ ಇವ್ರು ಮಲಯಾಳ ಅಂತ ಬದಲಾಯಿಸಿದ್ರ?"

ಅದಕ್ಕೆ ವಾರಿಜಾ ಅವರೇ ಒಪ್ಪಲಿಲ್ಲ. "ಬೇಡ. ಸಿಕ್ಕಿಬಿದ್ದ ಮೇಲೆ ಭಾಷೆ ಬದಲಿಸಿದಳು ಅಂತ ಆಗ್ತದೆ. ಹಿಂದಿನ ಎರಡು ಆಟ ಕಳ್ಳಾಟ ಅಂತಲೇ ಉಳೀತದೆ. ನಾನು ಕನ್ನಡದಲ್ಲಿ ಯೋಚಿಸಿದ್ದು, ಕನ್ನಡ ಅಂತಲೇ ಬರೀಬೇಕು."

ಆಗ ನನಗೆ ಒಂದು ಸಂಗತಿ ಹೊಳೆಯಿತು. ಮರುದಿನ ಇವರ ಎದುರಾಳಿ ಪರದೇಶದ ಅಲ್ಮಾಟಿ ಎಂಬ ಊರಿನ ಗ್ರಾಂಡ್‌ಮಾಸ್ಟರ್ ಎರ್ಲಾನ್. ಅವರ ಭಾಷೆಯ ಯಾದಿಯನ್ನು ಯಂತ್ರಕ್ಕೆ ತುಂಬಿದವನೂ ನಾನೇ. ಅವರಲ್ಲೂ ಓರೆ ನಡೆಯುವ ಕಾಯಿಯ ಹೆಸರಿಗೆ ಅರ್ಥ ಆನೆ ಎಂದೇ.

"ಮೇಡಂ, ಅಲ್ಮಾಟಿ ಆನಿ ಓರೆ ನಡದ್ರ ಸರಿ, ಉಪ್ಪಳದ ಆನಿ ನಡದ್ರ ಕಳ್ಳತನ ಆತೇನ್ರಿ?"

ಮೇಡಂ ಮೊದಲ ಸಲ ಚಹಾ ಲೋಟ ಕೈಗೆತ್ತಿಕೊಂಡರು. ಕುಡಿದು ಕೆಳಗಿಟ್ಟರು. "ಸರಿ. ಬೀಗ ನೋಡದೇ ಕೀ ಮಾಡೋಣ. ನಾಳೆ ಬೆಳಿಗ್ಗೆ ಒಂಬತ್ತಕ್ಕೆ ನೀವು ಹೊಸ ಯಾದಿ ಬರೆದು ನನ್ನ ಕೈಗೆ ಕೊಡಿ, ಮೊಹರು ಹಾಕ್ತೀನಿ. ಮಧ್ಯಾಹ್ನದ ಆಟಕ್ಕೆ ಹಳೇದು ಹೊಸದು ಎರಡೂ ಒಟ್ಟಿಗೆ ಓಡಲಿ. ಆ ಎರಡು ಕಾಯಿಗಳ ನಡೆ ಕನಿಷ್ಠ ಹನ್ನೆರಡಾದ್ರೂ ಬೇಕು, ಅದಕ್ಕಿಂತ ಕಡಿಮೆ ಆದ್ರೆ ಅದೃಷ್ಟ ಅಂತಾರೆ. ಹನ್ನೆರಡಕ್ಕೆ ಹನ್ನೆರಡೂ ಹೊಂದಿದ್ರೆ ಹಿಂದಿನ ಎರಡು ಆಟಗಳನ್ನೂ ಹೊಸ ಯಾದಿಯಲ್ಲಿ ಓಡಿಸ್ತೀನಿ. ಇಲ್ಲಾಂದ್ರೆ ಹಳೇ ಅಂಕಿಯೇ ಅಂಕಿ."

ಪರದೆಯ ಮೇಲೆ ನಮಗೆ ಬರೀ ಹಸಿರು ಕೆಂಪು ಕಾಣುತ್ತದೆ. ಒಳಗಿನ ಮಾತನ್ನೇ ಓದಬೇಕಾದರೆ ಆಟಗಾರರ ಒಪ್ಪಿಗೆ ಬೇಕು. ವಾರಿಜಾ ಅವರು ಅದಕ್ಕೂ ಸಹಿ ಹಾಕಿಕೊಟ್ಟರು. "ನೋಡಿ. ನನ್ನ ಮನಸ್ಸಲ್ಲಿ ಬಚ್ಚಿಡುವಂಥದ್ದು ಎಂತದ್ದೂ ಇಲ್ಲ. ಅಡಿಗೆಯದ್ದು ಬಂದರೆ ನಗಬೇಡಿ."

ಮನೆಗೆ ಬಂದು ರತ್ನವ್ವನಿಗೆ ಹೇಳಿದೆ. ರೊಟ್ಟಿ ಬಡಿಯುತ್ತಲೇ ಕೇಳಿಸಿಕೊಂಡಳು. "ನಲವತ್ತೆರಡು ಮಂದಿನ್ನ ಕೇಳಿದ್ರಿ. ಒಬ್ಬಾಕಿ ಹೆಣ್ಮಗಳನ್ನರ ಕೇಳಿದ್ರೇನು?"

ನಾನು ಎಣಿಸಿ ನೋಡಿದೆ. ಮೂವರು. ಮೂವರೂ ನಮ್ಮೂರಿನವರೇ, ಅವರಲ್ಲಿ ಒಬ್ಬಳು ನನ್ನ ಸ್ವಂತ ಅಕ್ಕ. ಇನ್ನೊಂದು ರೊಟ್ಟಿ ಹಾಕಿಸಿಕೊಂಡೆ.

ಮರುದಿನ ಒಂಬತ್ತಕ್ಕೆ ಯಾದಿಗೆ ಮೊಹರು ಬಿತ್ತು. ಎರಡು ಗಂಟೆಗೆ ಆಟ ಶುರುವಾಯಿತು. ನನ್ನ ಮುಂದೆ ಎರಡು ಸಾಲು ದೀಪ. ಮೇಲಿನದು ಹಳೆಯ ಯಾದಿ, ಕೆಳಗಿನದು ಹೊಸದು. ಪಕ್ಕದಲ್ಲಿ ಒಳಗಿನ ಮಾತು ಅಕ್ಷರವಾಗಿ ಹರಿಯುತ್ತಿತ್ತು. ಮೊದಲ ಓರೆ ನಡೆಗೆ ಪರದೆಯ ಮೇಲೆ 'ಆನೆ' ಎಂದು ಮೂಡಿತು. ಮೇಲೆ ಕೆಂಪು, ಕೆಳಗೆ ಹಸಿರು. ಮೇಡಂ ಕಾಗದದ ಮೇಲೆ ಒಂದು ಗೀಟು ಹಾಕಿದರು.

ಹದಿನಾರನೆಯ ನಡೆ ಆಡಿ ಎರ್ಲಾನ್ ಕೈ ಮುಂದೆ ಮಾಡಿದ. ಡ್ರಾ ಮಾಡಿಕೊಳ್ಳೋಣವೇ ಎಂದು ಕೇಳಿದ.

ಕೋಣೆಯಲ್ಲಿ ನಾವಿಬ್ಬರೂ ಮುಂದಕ್ಕೆ ಬಾಗಿದೆವು. ಗೀಟು ನಾಲ್ಕೇ ಆಗಿತ್ತು. ಹದಿನಾರರಲ್ಲಿ ನಾಲ್ಕು ಕೆಂಪು ಎಂದರೆ ಹಳೆಯ ಯಾದಿಯಲ್ಲೇ ಸರಿಯಾಗಿ ಎಪ್ಪತ್ತೈದು! ಅಂದರೆ ಮೂರನೆಯ ಕೆಂಪು ಇಲ್ಲ. ಆ ಕೈ ಹಿಡಿದರೆ ಅರ್ಧ ಅಂಕವೂ ಬಂತು, ನಾರ್ಮೂ ಬಂತು, ಬಿರುದೂ ಬಂತು. ಆದರೆ ಹನ್ನೆರಡು ನಡೆ ಆಗದ್ದರಿಂದ ಪರೀಕ್ಷೆ ಬಿದ್ದುಹೋಗುತ್ತದೆ, ಹಿಂದಿನ ಎರಡು ಆಟ ಕೆಂಪಾಗಿಯೇ ಉಳಿಯುತ್ತವೆ. ಬಿರುದಿನ ಮುಂದೆ 'ಸಂಶಯವಿದೆ' ಎಂಬ ಟಿಪ್ಪಣಿ ಬೀಳುತ್ತದೆ, ಅದನ್ನು ಮತ್ತೆ ಅಳಿಸಲಾಗುವುದಿಲ್ಲ. ಮುಂದೆ ಆಡಿ ಸೋತರೆ ಬಿರುದೇ ಇಲ್ಲ.

"ಪಾಪ, ಈ ಲೆಕ್ಕ ಅವರಿಗೆ ಗೊತ್ತಿರಲ್ಲ" ಎಂದರು ಮೇಡಂ.

ಪರದೆಯ ಮೇಲೆ ಅಕ್ಷರ ಹರಿಯಿತು. *ಆನೆ ಮೂರು. ತೇರು ಒಂದು. ನಾಲ್ಕು. ಈಗ ನಿಲ್ಲಿಸಿದರೆ ಬಚಾವ್. ಸಂಶಯ ಅಂತ ಬರೀತಾರೆ. ಅಮ್ಮನಿಗೆ ಓದಿ ಹೇಳಬೇಕು ಅದನ್ನು.* ಆಮೇಲೆ: *ಬೇಡ. ಆಡುವ.*

ವಾರಿಜಾ ತಲೆ ಅಲ್ಲಾಡಿಸಿದರು. ಎರ್ಲಾನ್ ಹುಬ್ಬೇರಿಸಿ ಕೈ ಹಿಂದೆ ತೆಗೆದುಕೊಂಡ.

"ಎಣಿಸ್ಕೊಂಡೇ ಕೂತಾರ್ರಿ ಮೇಡಂ" ಎಂದೆ. ಆಗ ನನ್ನ ಕೊರಳಿಗೆ ಪಟ್ಟಿ ಇರಲಿಲ್ಲವಾದ್ದರಿಂದ ಒಳಗೆ ಇನ್ನೇನು ಹೇಳಿಕೊಂಡೆನೆಂದು ಯಾರಿಗೂ ತಿಳಿಯಲಿಲ್ಲ.

ಮುಂದಿನ ಎರಡು ಗಂಟೆ ಎರ್ಲಾನ್ ಸುಮ್ಮನೆ ಬಿಡಲಿಲ್ಲ. ಇಪ್ಪತ್ತೊಂಬತ್ತನೆಯ ನಡೆಗೆ ಇವರ ಒಂದು ಕಾಲಾಳು ಹೋಯಿತು. ಮೂವತ್ತೈದಕ್ಕೆ ರಾಜನ ಮುಂದಿನ ಗೋಡೆ ಬಿರುಕು ಬಿಟ್ಟಿತು. ಗೀಟು ಹತ್ತು, ಆಮೇಲೆ ಹನ್ನೊಂದು. ಅಷ್ಟೂ ಮೇಲೆ ಕೆಂಪು, ಕೆಳಗೆ ಹಸಿರು. ಮೂವತ್ತೆಂಟನೆಯ ನಡೆಗೆ ವಾರಿಜಾ ಅವರು ಇಪ್ಪತ್ತಾರು ನಿಮಿಷ ಕೂತರು.

*ತೇರು. ತೇರು ಕೆಳಗೆ. ಇಲ್ಲ, ಕುದುರೆ ಬರ್ತದೆ. ಮಂತ್ರಿ? ಅನ್ನದ ಒಲೆ ಆರಿಸಿ ಬಂದಿದ್ದಾರೋ ಇಲ್ವೋ ಅಮ್ಮ. ತೇರು. ಇಲ್ಲ.* ಇದೇ ಸುತ್ತಿ ಸುತ್ತಿ ಬರುತ್ತಿತ್ತು. ನಾನು ನಗಲಿಲ್ಲ. ಕೊನೆಗೆ: *ಆನೆ. ಆನೆ ಕೊಟ್ಟರೆ? ಹೊಡೀಲೇಬೇಕು. ಹೊಡೆದ ಮೇಲೆ ತೇರಿಗೆ ದಾರಿ. ಆನೆ. ಆನೆ.*

ಕೈ ಎದ್ದಿತು. ಓರೆ ಕಾಯಿಯನ್ನು ತೆಗೆದು ಸೀದಾ ಎದುರಾಳಿಯ ರಾಜನ ಬಾಗಿಲಲ್ಲಿ ಇಟ್ಟಿತು. ಬಿಟ್ಟಿ ಕಾಯಿ, ತಿನ್ನು ಎಂದು ಕೊಟ್ಟಹಾಗೆ. ಮೇಲೆ ಕೆಂಪು. ಕೆಳಗೆ ಹಸಿರು. ಮೇಡಂ ಹನ್ನೆರಡನೆಯ ಗೀಟನ್ನು ಉಳಿದವಕ್ಕಿಂತ ಉದ್ದ ಎಳೆದರು, ಕಾಗದ ಹರಿಯಿತು.

ಎರ್ಲಾನ್ ಅದನ್ನು ಹೊಡೆದ. ಹೊಡೆಯದೆ ದಾರಿ ಇರಲಿಲ್ಲ. ಅಲ್ಲಿಂದ ಮುಂದೆ ತೇರೇ ತೇರು. ನಲವತ್ತೇಳನೆಯ ನಡೆಗೆ ಆತ ತನ್ನ ರಾಜನನ್ನು ಮಲಗಿಸಿ, ಎದ್ದು ನಿಂತು, ಎರಡೂ ಕೈಯಿಂದ ವಾರಿಜಾ ಅವರ ಕೈ ಕುಲುಕಿದ. ಹಳೆಯ ಯಾದಿ ಐವತ್ತಮೂರು ಎಂದಿತು. ಹೊಸದು ತೊಂಬತ್ತಾರು. ಹಿಂದಿನ ಎರಡು ಆಟಗಳನ್ನು ಅಲ್ಲೇ ಓಡಿಸಿದೆವು. ತೊಂಬತ್ತೈದು, ತೊಂಬತ್ತೇಳು.

ಪ್ರಫುಲ್ಲಾ ಮೇಡಂ ತಾವೇ ಮೆಟ್ಟಿಲಿಳಿದು ಸಭಾಂಗಣಕ್ಕೆ ಹೋದರು. ಮುಂದಿನ ಸಾಲಿನಲ್ಲಿ ಕೂತಿದ್ದ ಕಲ್ಯಾಣಿಯಮ್ಮನ ಮುಂದೆ ನಿಂತು, "ನಿಮ್ಮ ಮಗಳು ಗ್ರಾಂಡ್‌ಮಾಸ್ಟರ್ ಆದ್ರು ಕಣಮ್ಮ. ಯಾವ ಟಿಪ್ಪಣಿನೂ ಇಲ್ಲ" ಎಂದರು.

"ನನಗೆ ಆಗಲೇ ಗೊತ್ತಾಯ್ತು. ಅವಳು ಆನೆ ಕೊಟ್ಟಾಗಲೇ. ಅದು ಕುಂಞಂಬಣ್ಣನ ಏಟು" ಎಂದರು ಅಜ್ಜಿ. ಆಮೇಲೆ ಮುಖ ತಿರುಗಿಸಿ ಸೆರಗಿನಿಂದ ಕಣ್ಣೊರೆಸಿಕೊಂಡರು. "ಎಂತದ್ದು ಧೂಳು ಮಾರಾಯ್ರೇ ನಿಮ್ಮ ಮೈಸೂರಲ್ಲಿ."

ಆಮೇಲಿನ ತಿಂಗಳು ನಾನು ನಿಂಬೆಹಣ್ಣು ಮೂಸುತ್ತಾ ಘಟ್ಟ ಇಳಿದೆ. ಎರಡು ಸಲ ಬಸ್ಸು ನಿಲ್ಲಿಸಲು ಹೇಳಿದೆ. ಉಪ್ಪಳದಿಂದಲೇ ಶುರು ಮಾಡಿ ಕರಾವಳಿಯ ಉದ್ದಕ್ಕೂ ಹೊಸ ಯಾದಿ ಮಾಡಬೇಕಿತ್ತು. ಈ ಸಲ ಅರ್ಜಿಯನ್ನೇ ಬದಲಿಸಿದ್ದೆವು. ಯೋಚನೆಯ ಭಾಷೆ ಯಾವುದು ಎಂದು ಕೇಳಿ ಬಿಡುವುದಲ್ಲ. ಪ್ರತಿಯೊಂದು ಕಾಯಿಗೂ ಒಂದೊಂದು ಪ್ರಶ್ನೆ, ಆಡುವವರ ಬಾಯಿಂದಲೇ ಉತ್ತರ. ಬರೆದವನು ನಾನೇ, ಮೇಡಂ ಒಂದಕ್ಷರ ತಿದ್ದಿರಲಿಲ್ಲ.

ಮೊದಲ ಅರ್ಜಿ ಕಲ್ಯಾಣಿಯಮ್ಮನದೇ. ಕನ್ನಡಕ ಮನೆಯೊಳಗಿದೆ, ನೀವೇ ಓದಿ ಎಂದರು. ಗ್ರಾಂಡ್‌ಮಾಸ್ಟರ್ ವಾರಿಜಾ ಅಂಚೆ ಕಚೇರಿಗೆ ಹೊರಡಲು ಚಪ್ಪಲಿ ಹಾಕಿಕೊಳ್ಳುತ್ತಿದ್ದವರು ಬಾಗಿಲಲ್ಲೇ ನಿಂತರು.

ನಾನು ಗಟ್ಟಿಯಾಗಿ ಓದಿದೆ. "ಪ್ರಶ್ನೆ ಮೂರು. ನಿಮ್ಮ ಮನೆಯಲ್ಲಿ ಓರೆ ನಡೆಯುವುದು ಯಾರು?"

"ನಮ್ಮ ಮನೆಯಲ್ಲಾ?" ಅಜ್ಜಿ ಒಂದು ಗಳಿಗೆಯೂ ಯೋಚಿಸಲಿಲ್ಲ. "ಇವಳ ಅಪ್ಪ. ಸಂಬಳ ಆದ ದಿನ."

ವಾರಿಜಾ ಬಾಗಿಲು ಹಿಡಿದುಕೊಂಡು ನಕ್ಕರು. ನಾನೂ ನಕ್ಕೆ, ಅಜ್ಜಿ ಮಾತ್ರ ನಗಲಿಲ್ಲ. ನನ್ನ ಪೆನ್ನನ್ನೇ ನೋಡುತ್ತಿದ್ದರು.

"ನಗಾಡಿದ್ದು ಸಾಕು, ಬರೀರಿ ಈಗ ಸರಿಯಾಗಿ."

ಬರೆದೆ: ಆನೆ.